ಅಣ್ಣಾವ್ರ ಮಾತು ಬರೆದವರು

ಪಣಕಹಳ್ಳಿಯ ನಮ್ಮ ಅಂಗಡಿಗೆ ಬರುವವರೆಲ್ಲ ರಾಜಕುಮಾರ್ ಅವರನ್ನು ‘ನಮ್ಮ ಗಾಜನೂರಿನವರು’ ಅನ್ನುತ್ತಾರೆ. ಅವರ ಎಷ್ಟೋ ಸಿನಿಮಾಗಳಿಗೆ ಮಾತು ಬರೆದವರು ಯಾರೆಂದರೆ ಸುಮ್ಮನಾಗುತ್ತಾರೆ.

ಅವರು ಚಿ. ಉದಯಶಂಕರ್ (1934–1993). ತಂದೆ ಚಿ. ಸದಾಶಿವಯ್ಯನವರೂ ಚಿತ್ರಸಾಹಿತಿ. 1963ರ ‘ಸಂತ ತುಕಾರಾಂ’ನಿಂದ ಶುರುಮಾಡಿ ಮೂರು ದಶಕ ಸಂಭಾಷಣೆ, ಹಾಡು ಬರೆದರು, ನಗಿಸುವ ಚಿಕ್ಕ ಪಾತ್ರಗಳನ್ನೂ ಮಾಡಿದರು. 1974ರ ‘ಸಂಪತ್ತಿಗೆ ಸವಾಲ್’ನಲ್ಲಿ ಅಣ್ಣಾವ್ರು ಎಮ್ಮೆ ಮೇಲೆ ಕೂತು ಹಾಡಿದ್ದು ಉದಯಶಂಕರ್ ಹಾಡು. ‘ಜೀವನ ಚೈತ್ರ’ದಲ್ಲಿ ಅಣ್ಣಾವ್ರಿಗೆ ಗಾಯನದ ರಾಷ್ಟ್ರಪ್ರಶಸ್ತಿ ತಂದದ್ದೂ ಅವರದೇ.

ಮನೆಯಲ್ಲಿ ಬ್ಯಾರಿ, ಅಂಗಡಿಯಲ್ಲಿ ಕನ್ನಡ ಆಡುವ ನಾನು ಕನ್ನಡದ ತಮಾಷೆ, ಗತ್ತು ಕಲಿತದ್ದು ಆ ಮಾತುಗಳಿಂದ. ನಮ್ಮ ಬ್ಯಾರಿ ಹಾಡುಗಳಿಗೂ ಬರೆದವರಿದ್ದಾರೆ. ಹಾಡಿದವರ ಜೊತೆ ಅವರ ಹೆಸರನ್ನೂ ಮಕ್ಕಳಿಗೆ ಹೇಳಿಕೊಡೋಣ.