ಬಾಹ್ಯಾಕಾಶದ ಲಾಳಿ

ಮಗ್ಗದಲ್ಲಿ ಹಾಸಿನ ಎಳೆಗಳ ನಡುವೆ ಅತ್ತಿಂದಿತ್ತ ಓಡಾಡುವ ಲಾಳಿಗೆ ಇಂಗ್ಲಿಷಿನಲ್ಲಿ ಶಟಲ್ ಎನ್ನುತ್ತಾರೆ. ಹೋಗಿ ಬರುವ ನೌಕೆಗೆ ಅಮೆರಿಕದ ನಾಸಾ ಇದೇ ಹೆಸರನ್ನು ಆರಿಸಿಕೊಂಡಿತು. ಅದಕ್ಕೆ ಮೊದಲು ಮನುಷ್ಯರನ್ನು ಕಕ್ಷೆಗೆ ಒಯ್ದ ವಾಹನಗಳೆಲ್ಲ ಒಂದೇ ಪಯಣದವು. ಚಂದ್ರನತ್ತ ಹೊರಟ ಸ್ಯಾಟರ್ನ್-5 ರಾಕೆಟ್ಟಿನ ಎತ್ತರ ಸುಮಾರು 110 ಮೀಟರ್. ಕೊನೆಗೆ ಕಡಲಿಗೆ ಬಂದು ಬೀಳುತ್ತಿದ್ದದ್ದು ಮೂರೂವರೆ ಮೀಟರಿನ ಕೋಶ ಮಾತ್ರ.

ಎಕ್ಸ್-15: ಮರೆತುಹೋದ ಅಣ್ಣ

ಶಟಲ್‌ಗಿಂತ ಮೊದಲೇ ಹೋಗಿ ಬಂದದ್ದು ಎಕ್ಸ್-15 ಎಂಬ ರಾಕೆಟ್ ವಿಮಾನ. ಬಿ-52 ಬಾಂಬರಿನ ರೆಕ್ಕೆಯಡಿ ಜೋತುಬಿದ್ದು ಮೇಲೇರಿ, ಅಲ್ಲಿಂದ ಕಳಚಿಕೊಂಡು ಚಿಮ್ಮುತ್ತಿತ್ತು. 1963ರ ಜುಲೈ ಮತ್ತು ಆಗಸ್ಟ್‌ನಲ್ಲಿ ಜೋ ವಾಕರ್ ಅದನ್ನು ಎರಡು ಬಾರಿ 100 ಕಿ.ಮೀ. ಎತ್ತರ ದಾಟಿಸಿದರು. ಆದರೆ ಅದರ ಗರಿಷ್ಠ ವೇಗ ಗಂಟೆಗೆ ಸುಮಾರು 7,200 ಕಿ.ಮೀ. ಕಕ್ಷೆ ಸೇರಲು 28,000 ಬೇಕು. ಆ ವೇಗದಲ್ಲಿ ಹೋದದ್ದು ಅದೇ ವೇಗದಲ್ಲಿ ವಾತಾವರಣಕ್ಕೆ ಮರಳಬೇಕು. ಕಷ್ಟವೆಲ್ಲ ಅಲ್ಲಿದೆ.

ಬಿಲ್ಲೆಗಳ ಅಂಗಿ

ಶಟಲ್ ಯೋಜನೆಗೆ ಅಧ್ಯಕ್ಷ ನಿಕ್ಸನ್ ಒಪ್ಪಿಗೆ ಕೊಟ್ಟದ್ದು 1972ರ ಜನವರಿಯಲ್ಲಿ. ಮೊದಲ ಗಗನಯಾತ್ರಿ ಗಗಾರಿನ್ ಹಾರಿ ಸರಿಯಾಗಿ 20 ವರ್ಷ ತುಂಬಿದ ದಿನ, 1981ರ ಏಪ್ರಿಲ್ 12ರಂದು, ಜಾನ್ ಯಂಗ್ ಮತ್ತು ರಾಬರ್ಟ್ ಕ್ರಿಪನ್ 'ಕೊಲಂಬಿಯಾ'ದಲ್ಲಿ ಮೇಲೇರಿದರು. ಜನರಿಲ್ಲದ ಪರೀಕ್ಷಾ ಹಾರಾಟವೇ ಇಲ್ಲದೆ, ಮೊದಲ ಸಲಕ್ಕೇ ಇಬ್ಬರನ್ನು ಕೂರಿಸಿ ಕಳಿಸಿದ್ದು ಇಂದಿಗೂ ಎದೆ ನಡುಗಿಸುವ ಧೈರ್ಯ.

ನೌಕೆಯ ಒಡಲು ಅಲ್ಯೂಮಿನಿಯಂ. ಮರಳುವಾಗ ಮೂಗು ಮತ್ತು ರೆಕ್ಕೆಯಂಚಿನ ಬಿಸಿ 1,600 ಡಿಗ್ರಿ ಸೆಲ್ಸಿಯಸ್ ಮೀರುತ್ತಿತ್ತು. ಅಲ್ಲಿಗೆ ಬಲಪಡಿಸಿದ ಕಾರ್ಬನ್ ಹೊದಿಕೆ, ಉಳಿದ ಹೆಚ್ಚಿನ ಭಾಗಕ್ಕೆ ಸಿಲಿಕಾ ನಾರಿನ 20,000ಕ್ಕೂ ಹೆಚ್ಚು ಬಿಲ್ಲೆಗಳು. ಅವು ಬೆಂಡಿನಷ್ಟು ಹಗುರ. ಒಂದರ ಜಾಗಕ್ಕೆ ಇನ್ನೊಂದು ಕೂರುವುದಿಲ್ಲ. ಪ್ರತಿಯೊಂದಕ್ಕೂ ತನ್ನದೇ ಸಂಖ್ಯೆ. ಪ್ರತಿ ಹಾರಾಟದ ನಂತರ ಅವನ್ನೆಲ್ಲ ಪರೀಕ್ಷಿಸಿ, ಕೆಟ್ಟದ್ದನ್ನು ಕಿತ್ತು, ಹೊಸದನ್ನು ಕೈಯಿಂದಲೇ ಅಂಟಿಸಬೇಕಿತ್ತು. ಏರುವಾಗ ನೆರವಾಗಿ ಕಳಚಿಬೀಳುವ ಪಕ್ಕದ ರಾಕೆಟ್‌ಗಳನ್ನು ಹಡಗುಗಳು ಅಟ್ಲಾಂಟಿಕ್ ಸಾಗರದಿಂದ ಎಳೆದು ತರುತ್ತಿದ್ದವು. ಕಿತ್ತಳೆ ಬಣ್ಣದ ದೊಡ್ಡ ಇಂಧನ ಟ್ಯಾಂಕ್ ಮಾತ್ರ ಪ್ರತಿ ಸಲವೂ ನಾಶ.

ವರ್ಷಕ್ಕೆ 50 ಹಾರಾಟಗಳ ಕನಸು ಕಂಡಿದ್ದರು. ಅತಿ ಹೆಚ್ಚು ಸಾಧ್ಯವಾದದ್ದು 1985ರಲ್ಲಿ, ಒಂಬತ್ತು. ಒಂದೇ ನೌಕೆ ಎರಡು ಹಾರಾಟಗಳ ನಡುವೆ ತೆಗೆದುಕೊಂಡ ಕನಿಷ್ಠ ಅವಧಿ 54 ದಿನ. ನನ್ನ ಮಟ್ಟಿಗೆ ಇದು ಮರುಬಳಕೆಗಿಂತ ಮರುನಿರ್ಮಾಣಕ್ಕೇ ಹತ್ತಿರ.

ಎರಡು ದುರಂತ

1986ರ ಜನವರಿ 28. ಕೊರೆಯುವ ಚಳಿಗೆ ಪಕ್ಕದ ರಾಕೆಟ್ಟಿನ ಜೋಡಣೆಯ ರಬ್ಬರ್ ಉಂಗುರ ಸೆಡೆತು, ಸೋರಿದ ಬಿಸಿ ಅನಿಲದಿಂದ 73ನೇ ಸೆಕೆಂಡಿಗೆ 'ಚಾಲೆಂಜರ್' ಶಟಲ್ ಛಿದ್ರವಾಯಿತು. ಹಿಂದಿನ ರಾತ್ರಿಯೇ ಎಂಜಿನಿಯರುಗಳು ಉಡಾವಣೆ ಬೇಡವೆಂದಿದ್ದರು. ತನಿಖಾ ಆಯೋಗದಲ್ಲಿದ್ದ ಭೌತವಿಜ್ಞಾನಿ ರಿಚರ್ಡ್ ಫೈನ್‌ಮನ್, ಅದೇ ರಬ್ಬರಿನ ತುಂಡೊಂದನ್ನು ಐಸ್ ನೀರಿಗೆ ಅದ್ದಿ, ಅದು ತನ್ನ ಪುಟಿತ ಕಳೆದುಕೊಳ್ಳುವುದನ್ನು ಎಲ್ಲರೆದುರು ತೋರಿಸಿದರು.

2003ರ ಫೆಬ್ರವರಿ 1ರಂದು ಕಲ್ಪನಾ ಚಾವ್ಲಾ ಸೇರಿ ಏಳು ಮಂದಿಯೊಂದಿಗೆ 'ಕೊಲಂಬಿಯಾ' ಮರಳುವಾಗ ಚೂರಾಯಿತು. ಏರುವಾಗ ಟ್ಯಾಂಕಿನಿಂದ ಕಳಚಿದ ನಿರೋಧಕ ನೊರೆಯ (ಫೋಮ್) ತುಂಡು ಎಡರೆಕ್ಕೆಯ ಅಂಚನ್ನು ಒಡೆದಿತ್ತು. ನೊರೆ ಕಳಚುವುದು ಮೊದಲಿನಿಂದಲೂ ಗೊತ್ತಿತ್ತು. ಏನೂ ಆಗಲಿಲ್ಲವಲ್ಲ ಎಂದು ಅದು ರೂಢಿಯಾಗಿಬಿಟ್ಟಿತ್ತು.

ಹಾಸನಕ್ಕೂ ನಂಟು

ಹಬಲ್ ದೂರದರ್ಶಕವನ್ನು 1990ರಲ್ಲಿ ಕಕ್ಷೆಗಿಟ್ಟದ್ದು, 1993ರಲ್ಲಿ ಅದರ ಮಸುಕು ನೋಟ ಸರಿಪಡಿಸಿದ್ದು, ಅಂತರರಾಷ್ಟ್ರೀಯ ನಿಲ್ದಾಣದ ಬಹುಭಾಗ ಹೊತ್ತೊಯ್ದದ್ದು ಶಟಲ್‌ಗಳೇ. ನಮ್ಮ ಇನ್ಸಾಟ್-1ಬಿ ಉಪಗ್ರಹ ಕೂಡ 1983ರಲ್ಲಿ 'ಚಾಲೆಂಜರ್' ಒಡಲಿನಿಂದಲೇ ಹೊರಬಂದು, ಹಾಸನದ ನಿಯಂತ್ರಣ ಕೇಂದ್ರದ ಮಾತು ಕೇಳಿತು. ಇನ್ಸಾಟ್-1ಸಿ ಜೊತೆಗಿನ ಶಟಲ್ ಯಾನಕ್ಕೆ ಆಯ್ಕೆಯಾಗಿದ್ದ ಇಸ್ರೋದ ಎನ್.ಸಿ. ಭಟ್ ಮತ್ತು ಪಿ. ರಾಧಾಕೃಷ್ಣನ್ ಅವರ ಅವಕಾಶ 1986ರ ದುರಂತದೊಂದಿಗೆ ಕೈತಪ್ಪಿತು.

ಉಪಗ್ರಹ ಸಾಗಿಸಲು ಪ್ರತಿ ಸಲವೂ ಜೀವಗಳನ್ನು ಪಣಕ್ಕಿಟ್ಟದ್ದು ಶಟಲ್‌ನ ಮೂಲ ತಪ್ಪು ಎಂಬುದು ನನ್ನ ಅನಿಸಿಕೆ.

ಬುರಾನ್

ಸೋವಿಯತ್ ಒಕ್ಕೂಟದ ಶಟಲ್ ಬುರಾನ್ 1988ರ ನವೆಂಬರ್ 15ರಂದು ಮನುಷ್ಯರಿಲ್ಲದೆ ಎರಡು ಸುತ್ತು ಹಾಕಿ ತಾನೇ ಇಳಿಯಿತು. ಮತ್ತೆ ಹಾರಲೇ ಇಲ್ಲ. 2002ರಲ್ಲಿ ಬೈಕನೂರಿನ ಕಟ್ಟಡದ ಚಾವಣಿ ಕುಸಿದು ಅದರಡಿ ನಜ್ಜುಗುಜ್ಜಾಯಿತು.

ಈಗ

135 ಹಾರಾಟಗಳ ಬಳಿಕ 2011ರ ಜುಲೈ 21ರಂದು 'ಅಟ್ಲಾಂಟಿಸ್' ಇಳಿಯುವುದರೊಂದಿಗೆ ಶಟಲ್ ಯುಗ ಮುಗಿಯಿತು. ನಂತರ ಗೆದ್ದದ್ದು ರೆಕ್ಕೆಯಿಲ್ಲದ ಕೋಶ. 2020ರ ಮೇ ತಿಂಗಳಲ್ಲಿ ಇಬ್ಬರನ್ನು ಒಯ್ದ ಸ್ಪೇಸ್‌ಎಕ್ಸ್‌ನ ಕ್ರೂ ಡ್ರ್ಯಾಗನ್, 2021ರ ಏಪ್ರಿಲ್‌ನಲ್ಲಿ ನಾಲ್ವರೊಂದಿಗೆ ಮತ್ತೆ ಹೊರಟಿತು.

ರೆಕ್ಕೆಯ ಆಸೆ ಚಿತ್ರದುರ್ಗ ಜಿಲ್ಲೆಯಲ್ಲಿ ಜೀವಂತವಾಗಿದೆ. ಚಳ್ಳಕೆರೆ ಬಳಿಯ ಪರೀಕ್ಷಾ ರನ್‌ವೇ ಮೇಲೆ ಇಸ್ರೋದ 'ಪುಷ್ಪಕ್' ಮೂರು ಬಾರಿ ತಾನಾಗಿಯೇ ಇಳಿದಿದೆ. ಅದು ಮನುಷ್ಯರನ್ನು ಒಯ್ಯುವ ನೌಕೆಯಲ್ಲ. ಚಿನೂಕ್ ಹೆಲಿಕಾಪ್ಟರ್ ನಾಲ್ಕೂವರೆ ಕಿ.ಮೀ. ಎತ್ತರಕ್ಕೆ ಒಯ್ದು ಬಿಡುವ ಮಾದರಿಯಷ್ಟೇ. 2024ರ ಜೂನ್ 23ರ ಮೂರನೇ ಪರೀಕ್ಷೆಗೆ ಬಳಸಿದ್ದು ಮಾರ್ಚ್‌ನಲ್ಲಿ ಇಳಿದಿದ್ದ ಅದೇ ಒಡಲು. ಅದರಲ್ಲಿ ಏನನ್ನೂ ಬದಲಿಸಿರಲಿಲ್ಲ.