ವೆಲ್ಲೂರಿನ ಸಿಪಾಯಿಗಳು

1857ರ ಮೀರತ್ ದಂಗೆಯಿಂದಲೇ ಸ್ವಾತಂತ್ರ್ಯ ಸಂಗ್ರಾಮದ ಪಾಠವನ್ನು ಆರಂಭಿಸುವುದು ನಮ್ಮ ಶಾಲೆಗಳ ರೂಢಿ. ಆದರೆ ಅದಕ್ಕೂ 51 ವರ್ಷ ಮೊದಲೇ, 1806ರ ಜುಲೈ 10ರಂದು, ಈಸ್ಟ್ ಇಂಡಿಯಾ ಕಂಪನಿಯ ಸಿಪಾಯಿಗಳು ವೆಲ್ಲೂರಿನ ಕೋಟೆಯಲ್ಲಿ ಬಂಡೆದ್ದಿದ್ದರು. ಆ ಕೋಟೆಗೂ ನಮ್ಮ ನಾಡಿಗೂ ನಂಟಿದೆ. 1799ರಲ್ಲಿ ಶ್ರೀರಂಗಪಟ್ಟಣದಲ್ಲಿ ಟಿಪ್ಪು ಸುಲ್ತಾನರು ಶಹೀದರಾದ ಬಳಿಕ ಅವರ ಮಕ್ಕಳನ್ನೂ ಪರಿವಾರವನ್ನೂ ಕಂಪನಿಯವರು ಅಲ್ಲಿಯೇ ಇರಿಸಿದ್ದರು.

ದಂಗೆಗೆ ಕಾರಣವಾದದ್ದು ಒಂದು ಆಜ್ಞೆ. ಮದರಾಸು ಸೈನ್ಯದ ದಂಡನಾಯಕ ಸರ್ ಜಾನ್ ಕ್ರ್ಯಾಡಕ್‌ನ ಕಾಲದಲ್ಲಿ ಸಿಪಾಯಿಗಳ ಉಡುಪಿನ ನಿಯಮ ಬದಲಾಯಿತು. ಕವಾಯತಿನಲ್ಲಿ ಹಣೆಯ ಮೇಲೆ ನಾಮ, ತಿಲಕ ಇರಬಾರದು. ಕಿವಿಯಲ್ಲಿ ಒಂಟಿ ಇರಬಾರದು. ಗಡ್ಡ ಬೋಳಿಸಬೇಕು. ತಲೆಗೆ ಚರ್ಮದ ತುರಾಯಿಯ ಹೊಸ ಪೇಟ. ಅದು ನೋಡಲು ಬಿಳಿಯರ ಟೋಪಿಯಂತೆಯೇ ಇತ್ತು. (ಆಗ ಯೂರೋಪಿಯನ್ನರನ್ನು ಜನ ‘ಟೋಪಿವಾಲಾ’ ಎಂದೇ ಕರೆಯುತ್ತಿದ್ದರು.) ನಮ್ಮನ್ನೂ ಟೋಪಿವಾಲಾಗಳನ್ನಾಗಿ ಮಾಡುತ್ತಾರೆಂಬ ಭಯ ಇಬ್ಬರಿಗೂ ಹುಟ್ಟಿತು. ಹಿಂದೂವಿನ ನಾಮವನ್ನೂ ಮುಸ್ಲಿಮನ ಗಡ್ಡವನ್ನೂ ಒಂದೇ ಕಾಗದ ಮುಟ್ಟಿತ್ತು. ಮೇ ತಿಂಗಳಲ್ಲಿ ಪೇಟ ತೊಡಲು ಒಪ್ಪದವರನ್ನು ವಿಚಾರಣೆಗೆ ಮದರಾಸಿಗೆ ಕಳುಹಿಸಲಾಯಿತು. ಅವರಲ್ಲಿ ಒಬ್ಬ ಹಿಂದೂ, ಒಬ್ಬ ಮುಸ್ಲಿಂ ತಲಾ 900 ಛಡಿಯೇಟಿನ ಶಿಕ್ಷೆಗೆ ಗುರಿಯಾದರು. ಕಂಪನಿ ಭೇದ ಮಾಡದೆ ಕೊಟ್ಟದ್ದು ಬಹುಶಃ ಇದೊಂದೇ!

ಜುಲೈ 10ರ ಬೆಳಗಿನ ಜಾವ ಸಿಪಾಯಿಗಳು ಮಲಗಿದ್ದ ಬ್ರಿಟಿಷ್ ಸೈನಿಕರ ಮೇಲೆ ಗುಂಡು ಹಾರಿಸಿದರು. ನೂರಕ್ಕೂ ಹೆಚ್ಚು ಮಂದಿ ಸತ್ತರು. ಆಸ್ಪತ್ರೆಯಲ್ಲಿದ್ದ ರೋಗಿಗಳನ್ನೂ ಬಿಡಲಿಲ್ಲ. ಇದನ್ನು ವಿದ್ಯಾರ್ಥಿಗಳಿಂದ ಮುಚ್ಚಿಡಬೇಕಾಗಿಲ್ಲ. ಕೋಟೆಯ ಮೇಲೆ ಟಿಪ್ಪುವಿನ ಬಾವುಟ ಏರಿತು, ಅವರ ಮಗ ಫತೇ ಹೈದರ್ ದೊರೆಯೆಂಬ ಕೂಗೆದ್ದಿತು. ಆದರೆ ಮುಂದೇನು ಮಾಡಬೇಕೆಂದು ಯಾರಿಗೂ ತಿಳಿದಿರಲಿಲ್ಲ. ಹಲವರು ಲೂಟಿಗೆ ಇಳಿದರು, ಬಾಗಿಲುಗಳ ಕಾವಲು ಸಡಿಲವಾಯಿತು. ಸುದ್ದಿ ತಲುಪಿದೊಡನೆ ಆರ್ಕಾಟಿನಿಂದ ಕರ್ನಲ್ ಗಿಲೆಸ್ಪಿ ಕುದುರೆ ಸವಾರರೊಡನೆ ಧಾವಿಸಿ ಬಂದ. ಮಧ್ಯಾಹ್ನದೊಳಗೆ ಎಲ್ಲವೂ ಮುಗಿದಿತ್ತು. ಅರಮನೆಯಲ್ಲಿ ಅಡಗಿದ್ದ ಸುಮಾರು ನೂರು ಮಂದಿಯನ್ನು ಹೊರಗೆಳೆದು, ಗೋಡೆಗೆ ನಿಲ್ಲಿಸಿ ಗುಂಡಿಕ್ಕಲಾಯಿತು. ಒಟ್ಟು ಸತ್ತ ಸಿಪಾಯಿಗಳು ನೂರಾರು.

ಇದು ಟಿಪ್ಪುವಿನ ಮಕ್ಕಳ ಪಿತೂರಿಯೆಂದು ಆಗಿನ ಅನೇಕ ಅಧಿಕಾರಿಗಳು ವಾದಿಸಿದರು. ಅರಮನೆಯವರ ಕುಮ್ಮಕ್ಕು ಇದ್ದಿರಲೂಬಹುದು. ಆದರೆ ಪಿತೂರಿಯೇ ಮೂಲವಾಗಿದ್ದರೆ ಉಡುಪಿನ ಆಜ್ಞೆಯನ್ನು ಕಂಪನಿ ಹಿಂತೆಗೆದುಕೊಂಡದ್ದೇಕೆ? ಕ್ರ್ಯಾಡಕ್‌ನನ್ನೂ ಗವರ್ನರ್ ವಿಲಿಯಂ ಬೆಂಟಿಂಕ್‌ನನ್ನೂ 1807ರಲ್ಲಿ ವಾಪಸು ಕರೆಸಿಕೊಂಡದ್ದೇಕೆ? ಮೈಸೂರಿನ ಬಾವುಟ ಅವರಿಗೆ ಒಂದಾಗಿ ನಿಲ್ಲಲು ಸಿಕ್ಕ ಹೆಸರು. ಸಿಟ್ಟು ಅವರದೇ ಆಗಿತ್ತು.

ಸಿಪಾಯಿಗಳಲ್ಲಿ ಕೆಲವರನ್ನು ಗಲ್ಲಿಗೇರಿಸಿದರು, ಕೆಲವರನ್ನು ತೋಪಿನ ಬಾಯಿಗೆ ಕಟ್ಟಿ ಉಡಾಯಿಸಿದರು. ರಾಜಕುಮಾರರನ್ನು ದೂರದ ಕಲ್ಕತ್ತೆಗೆ ಸಾಗಿಸಲಾಯಿತು. ಅಲ್ಲಿನ ಧರ್ಮತಲಾದಲ್ಲಿ ಟಿಪ್ಪು ಸುಲ್ತಾನ್ ಮಸೀದಿಯನ್ನು ಕಟ್ಟಿಸಿದವರು ಅವರಲ್ಲಿ ಕಿರಿಯರಾದ ಗುಲಾಂ ಮೊಹಮ್ಮದ್.