ಟೈಟಲ್ ಕಾರ್ಡ್‌ನಲ್ಲಿ ಇಲ್ಲದವರು

ಶಿವಮೊಗ್ಗದ ಗಾಂಧಿ ಬಜಾರ್‌ನಲ್ಲಿ ಕ್ಯಾಸೆಟ್ ಕೊಂಡು ಹಾಡು ಕೇಳಿದ ಕೊನೇ ತಲೆಮಾರು ನಮ್ಮದು. ಕವರ್ ಮೇಲೆ ಸಂಗೀತ, ಸಾಹಿತ್ಯ, ಗಾಯನ ಅಂತ ಮೂರು ಸಾಲು. ಪಿಟೀಲು ಯಾರದ್ದು, ಕೊಳಲು ಯಾರದ್ದು? ಅದಕ್ಕೆ ಜಾಗವೇ ಇರ್ತಿರಲಿಲ್ಲ. ಗಣೇಶನ ಹಬ್ಬಕ್ಕೆ ಭದ್ರಾವತಿಯಲ್ಲಿ ಆರ್ಕೆಸ್ಟ್ರಾ ನಡೆದರೆ ಕೀಬೋರ್ಡ್ ಹುಡುಗನ ಹೆಸರನ್ನಾದರೂ ಮೈಕ್‌ನಲ್ಲಿ ಹೇಳ್ತಾರೆ. ಮೂಲ ಹಾಡಿಗೆ ನುಡಿಸಿದವರಿಗೆ ಆ ಭಾಗ್ಯವೂ ಇಲ್ಲ.

ಯಾರಿವರು? ಕನ್ನಡ ಸಿನಿಮಾ ಹಾಡುಗಳು ದಶಕಗಳ ಕಾಲ ರೆಕಾರ್ಡ್ ಆಗಿದ್ದು ಮದರಾಸಿನಲ್ಲಿ. ಅಲ್ಲಿನ ವಾದ್ಯಗಾರರಿಗೆ ಕಾಲ್‌ಶೀಟ್ ಲೆಕ್ಕದಲ್ಲಿ ಸಂಭಾವನೆ. ಇವತ್ತು ಕನ್ನಡ, ನಾಳೆ ತೆಲುಗು. ಮಲ್ಟಿಟ್ರ್ಯಾಕ್ ಬರುವ ಮುಂಚೆ ಗಾಯಕರು, ವಾದ್ಯವೃಂದ ಎಲ್ಲ ಒಟ್ಟಿಗೇ. ಒಬ್ಬರು ತಪ್ಪಿದರೆ ಎಲ್ಲರೂ ಮೊದಲಿಂದ ಶುರು ಮಾಡಬೇಕು.

ನಮ್ಮ ಜಿ.ಕೆ. ವೆಂಕಟೇಶ್ ಅವರ ತಂಡದಲ್ಲಿ ಗಿಟಾರ್ ಹಿಡಿದು ಕೂತಿದ್ದ ಒಬ್ಬ ಯುವಕ 1976ರಲ್ಲಿ ‘ಅನ್ನಕ್ಕಿಳಿ’ ಮಾಡಿದ. ಅವರೇ ಇಳಯರಾಜ. ಅದೇ ವೆಂಕಟೇಶ್ ಅವರ ಸಹಾಯಕರಾಗಿದ್ದ ಎಲ್. ವೈದ್ಯನಾಥನ್, ನಮ್ಮ ಆಗುಂಬೆಯಲ್ಲಿ ಚಿತ್ರೀಕರಣವಾದ ‘ಮಾಲ್ಗುಡಿ ಡೇಸ್’ಗೆ ಸಂಗೀತ ಕೊಟ್ಟರು. ಇವರಿಬ್ಬರ ಹೆಸರು ನಮಗೆ ಗೊತ್ತು, ಯಾಕಂದ್ರೆ ಇವರು ಸಂಗೀತ ನಿರ್ದೇಶಕರಾದರು. ಪಕ್ಕದ ಕುರ್ಚಿಯಲ್ಲೇ ಉಳಿದವರು?

ಆ ಧಾರಾವಾಹಿ ನಿರ್ದೇಶಿಸಿದ ಶಂಕರ್‌ನಾಗ್ ಬೆಂಗಳೂರಿನಲ್ಲಿ ‘ಸಂಕೇತ್’ ರೆಕಾರ್ಡಿಂಗ್ ಸ್ಟುಡಿಯೋ ಕಟ್ಟಿದರು. ರೆಕಾರ್ಡಿಂಗ್ ಕೆಲಸ ನಮ್ಮೂರಿಗೆ ಬರತೊಡಗಿತು. ಅಷ್ಟರಲ್ಲಿ ಸಿಂಥಸೈಜರ್ ಬಂತು, ಆಮೇಲೆ ಕಂಪ್ಯೂಟರ್. ಇಪ್ಪತ್ತು ಪಿಟೀಲಿನ ಕೆಲಸ ಒಂದು ಕೀಬೋರ್ಡ್ ಮಾಡತೊಡಗಿತು. ನಾನು ಎಂಜಿನಿಯರಿಂಗ್ ಓದಿದವನು, ಯಂತ್ರದ ಮೇಲೆ ನನಗೆ ಸಿಟ್ಟಿಲ್ಲ. ಸಿಟ್ಟಿರೋದು ಇನ್ನೊಂದು ವಿಷಯಕ್ಕೆ.

2012ರಲ್ಲಿ ಕಾಪಿರೈಟ್ ಕಾಯ್ದೆಗೆ ತಿದ್ದುಪಡಿ ಬಂತು. ಹಾಡಿದವರಿಗೆ, ನುಡಿಸಿದವರಿಗೆ ರಾಯಲ್ಟಿ ಹಕ್ಕು ಸಿಕ್ಕಿತು. ಒಳ್ಳೇದೇ. ಆದರೆ ಅದೇ ತಿದ್ದುಪಡಿಯಲ್ಲಿ ಒಂದು ಷರತ್ತಿದೆ. ಸಿನಿಮಾದಲ್ಲಿ ನಿಮ್ಮ ಕೆಲಸ ಸಾಂದರ್ಭಿಕವಾಗಿದ್ದು, ಉದ್ಯಮದ ರೂಢಿಯಂತೆ ಟೈಟಲ್‌ನಲ್ಲಾಗಲಿ ಬೇರೆಲ್ಲಾಗಲಿ ನಿಮ್ಮ ಹೆಸರು ಹಾಕದಿದ್ದರೆ, ರಾಯಲ್ಟಿ ಮಟ್ಟಿಗೆ ನೀವು ಕಲಾವಿದರೇ ಅಲ್ಲ!

ಯೋಚನೆ ಮಾಡಿ. ಹೆಸರು ಹಾಕದೇ ಇರೋದು ರೂಢಿ. ಆ ರೂಢಿಯನ್ನೇ ಮುಂದಿಟ್ಟು ಹಕ್ಕು ನಿರಾಕರಿಸಬಹುದು. ಪಲ್ಲವಿ ಮುಗಿದು ಚರಣ ಶುರುವಾಗೋ ಮುಂಚೆ ಬರುವ ಕೊಳಲು ‘ಸಾಂದರ್ಭಿಕ’ವಾ? ಅದನ್ನು ತೆಗೆದು ಹಾಡು ಕೇಳಿ ನೋಡಿ, ಗೊತ್ತಾಗುತ್ತೆ. ಟೈಟಲ್ ಕಾರ್ಡ್‌ನಲ್ಲಿ ಒಂದು ಹೆಸರು ಹಾಕೋದು ಬರೀ ಮರ್ಯಾದೆಯ ಮಾತಲ್ಲ. ಅದು ಅವರ ಮನೆಯ ಅನ್ನದ ಪ್ರಶ್ನೆ.

ಬೇರೆಯವರಿಗೆ ಹೇಳೋದು ಸುಲಭ. ನನ್ನ ಕಾರ್ಯಕ್ರಮ ಶುರುವಾಗೋ ಮುಂಚೆ ದಿನಾ ಒಂದು ಟ್ಯೂನ್ ಬರುತ್ತೆ. ಅದು ಕೇಳಿಸಿದ್ರೆ ಸಾಕು, ಅಡುಗೆಮನೆಯಲ್ಲಿದ್ದವರು ಟಿವಿ ಮುಂದೆ ಬಂದು ಕೂರ್ತಾರೆ. ನುಡಿಸಿದವರ ಹೆಸರನ್ನು ನಾನೂ ಇಲ್ಲಿತನಕ ಹೇಳಿಲ್ಲ.